ಒಂದಚ್ಚಿನ ಕೂಟ

ಹೋದ ವಾರ ನಮ್ಮ ಮನೆಗೆ ಒಂದು ಲಗ್ನಪತ್ರಿಕೆ ಬಂತು. ನಾಲ್ಕು ಮೂಲೆಗೂ ಅರಿಶಿನ ಹಚ್ಚಿದ್ದರು. ಲಕೋಟೆ ತೆರೆದ ಕೂಡಲೇ ಅದರ ವಾಸನೆ ಘಮ್ಮೆಂದಿತು. ನಾನು ಅದನ್ನು ಓದುವ ಮೊದಲು ತಿರುವಿ ಹಿಂಬದಿ ನೋಡಿದೆ. ಇದು ನನಗೆ ಅಂಟಿದ ಚಟ. ಯಾರ ಮದುವೆ, ಯಾವ ಊರು ಎನ್ನುವುದೆಲ್ಲ ಆಮೇಲೆ, ಹಿಂಬದಿ ಖಾಲಿ ಇದೆಯೋ ಇಲ್ಲವೋ ಎಂಬುದು ಮೊದಲು. ಈಗಿನ ಪತ್ರಿಕೆಗಳು ಎರಡೂ ಬದಿ ಮಿರಮಿರ ಮಿಂಚುತ್ತವೆ, ಪೆನ್ನು ಇಟ್ಟರೆ ಜಾರುತ್ತದೆ. ಇದರ ಹಿಂಬದಿ ಮಾತ್ರ ಹಳೇ ಕಾಲದ ಹಾಗೆ ಬೆಳ್ಳಗೆ ಖಾಲಿ ಇತ್ತು.

ಆ ಚಟ ಹತ್ತಿಸಿದವರು ಕೊಟ್ಟೂರಿನ ನಮ್ಮ ಕಾಲೇಜಿನ ಜೀವಶಾಸ್ತ್ರದ ಮೇಷ್ಟ್ರು. ಪತ್ರಿಕೆಯನ್ನು ಈಚೆಗೆ ತಿರುಗಿಸಿ ಓದಿದರೆ ಹರಪನಹಳ್ಳಿಯಲ್ಲಿ ಅವರ ಮೊಮ್ಮಗಳ ಮದುವೆ. ಅಜ್ಜನ ಹೆಸರಿನ ಮೊದಲಿಗೆ 'ದಿವಂಗತ' ಎಂದಿತ್ತು. ಅವರು ಹೋದ ಸುದ್ದಿ ನನಗೆ ತಲುಪಿದ್ದು ಹೀಗೆ... ಮದುವೆಯ ಕರೆಯೋಲೆಯಲ್ಲಿ. ಲಕೋಟೆಯ ಮೇಲೆ ನನ್ನ ಹೆಸರಿರಲಿಲ್ಲ, ನಮ್ಮವ್ವನ ಹೆಸರಿತ್ತು. ಒಳಗೆ ಮೇಷ್ಟ್ರ ಮಗಳು ಪೆನ್ನಿನಲ್ಲಿ ಒಂದು ಸಾಲು ಸೇರಿಸಿದ್ದರು. ಅಪ್ಪ ಬರೆದಿಟ್ಟ ಪಟ್ಟಿಯಲ್ಲಿ ನಿಮ್ಮ ಹೆಸರಿದೆ, ತಪ್ಪದೆ ಬರಬೇಕು ಎಂದು. ಅವ್ವನಿಗೆ ಓದು ಬರದು, ನಾನೇ ಓದಿ ಹೇಳಿದೆ. ಎಪ್ಪತ್ತು ವರ್ಷದಲ್ಲಿ ತನ್ನ ಹೆಸರಿಗೇ ಬಂದ ಮೊದಲ ಕಾಗದ ಎಂದು ಅವಳು ಅದನ್ನು ದೇವರ ಮುಂದಿಟ್ಟಳು.

ತೊಂಬತ್ತರ ದಶಕದ ಕೊನೆಯ ಮಾತು. ನಮ್ಮ ಕಾಲೇಜಿಗೆ ವಿಜ್ಞಾನ ಓದಲು ಬರುತ್ತಿದ್ದವರಲ್ಲಿ ಮುಕ್ಕಾಲುಪಾಲು ಕನ್ನಡ ಮಾಧ್ಯಮದವರು. ಹತ್ತನೇ ತರಗತಿಯವರೆಗೆ ಚೂಟಿ ಎನಿಸಿಕೊಂಡು ಬಂದವರು ಕಾಲೇಜಿನ ಮೊದಲ ವಾರವೇ ಮೂಕರಾಗುತ್ತಿದ್ದೆವು. ಪಾಠ ಪೂರಾ ಇಂಗ್ಲಿಷಿನಲ್ಲಿ. ತಿಳಿಯದಿದ್ದರೆ ಬಾಯಿಪಾಠ ಮಾಡು, ಬಾಯಿಪಾಠ ಬಾರದಿದ್ದರೆ ಮನೆಗೆ ಹೋಗು. ಈ ಮೇಷ್ಟ್ರೊಬ್ಬರು ಮಾತ್ರ ಪ್ರತಿ ಪಾಠವನ್ನು ಎರಡು ಸಲ ಮಾಡುತ್ತಿದ್ದರು. ಒಂದು ಸಲ ಪರೀಕ್ಷೆಗೆ, ಇನ್ನೊಂದು ಸಲ ನಮಗೆ. ನಮಗೆ ಮಾಡುವಾಗ ಅಂಗಿಯ ಜೇಬಿನಿಂದ ಚೀಟಿಗಳನ್ನು ತೆಗೆಯುತ್ತಿದ್ದರು.

ಆ ಚೀಟಿಗಳೆಲ್ಲ ಲಗ್ನಪತ್ರಿಕೆ ಕತ್ತರಿಸಿ ಮಾಡಿದವು. ಕಾಗದ ದಪ್ಪ, ಹಿಂಬದಿ ಖಾಲಿ, ಊರಲ್ಲಿ ಮದುವೆಗಳಿಗೆ ಬರವಿಲ್ಲ. ಖಾಲಿ ಬದಿಯಲ್ಲಿ ಮೇಲೆ ಇಂಗ್ಲಿಷ್ ಪದ, ಅದರ ಕೆಳಗೆ ಅವರು ಕಟ್ಟಿದ ಕನ್ನಡ ಪದ, ಎರಡು ಸಾಲು ಅರ್ಥ. ಅದಕ್ಕೂ ಕೆಳಗೆ ಮೂವರ ಹೆಸರು, ಕಸುಬು, ಊರು. ಈ ಮೂವರೇ ಅವರ ಪರೀಕ್ಷಕರು. ಮೇಷ್ಟ್ರ ಕಟ್ಟಳೆ ಏನೆಂದರೆ, ಕಾಲೇಜಿನ ಮೆಟ್ಟಿಲು ಹತ್ತದ ಮೂವರಿಗೆ ವಿಷಯ ಬಿಡಿಸಿ ಹೇಳಬೇಕು, ಅದಕ್ಕೇನನ್ನುತ್ತೀರಿ ಎಂದು ಕೇಳಬೇಕು. ಅವರ ಬಾಯಿಂದ ಬಂದದ್ದರಲ್ಲಿ ಪದ ಕಟ್ಟಿ ಹೇಳಿಬರಬೇಕು. ವಾರ ಬಿಟ್ಟು ಮತ್ತೆ ಹೋದಾಗ ನೆನಪಿಸದೆಯೇ ಆ ಪದ ಅವರ ಬಾಯಿಗೆ ತಾನಾಗಿ ಬಂದರೆ ಪಾಸು, ಬರದಿದ್ದರೆ ಚೀಟಿ ಹರಿದು ಹಾಕುವುದು. ಇದಕ್ಕಾಗಿ ಅವರು ಭಾನುವಾರಗಳನ್ನು ಬಸ್ಸಿನಲ್ಲೇ ಕಳೆದರು. ಕೂಡ್ಲಿಗಿಯ ಬಡಿಗೇರ ಅಜ್ಜ, ಹಗರಿಬೊಮ್ಮನಹಳ್ಳಿಯ ಸೈಕಲ್ ರಿಪೇರಿಯವ, ಹಡಗಲಿಯಲ್ಲಿ ಮಲ್ಲಿಗೆ ಕಟ್ಟುವ ಹೆಂಗಸರು... ಎಲ್ಲರಿಗೂ ಅವರ ಗುರುತಿತ್ತು. ಕಾಲೇಜಿನ ಉಳಿದ ಮೇಷ್ಟ್ರುಗಳು ಇವರಿಗೆ ಹುಚ್ಚು ಎನ್ನುತ್ತಿದ್ದರು. ಹುಚ್ಚಿಲ್ಲದವರು ಭಾನುವಾರ ಟ್ಯೂಶನ್ ಹೇಳುತ್ತಿದ್ದರು.

ಬಿ.ಎಸ್ಸಿ. ಎರಡನೇ ವರ್ಷದಲ್ಲಿ ಪ್ರೋಟೀನುಗಳ ಪಾಠ ಬಂತು. ಕೆಲವು ಪ್ರೋಟೀನುಗಳು ಒಂಟಿಯಾಗಿ ಕೆಲಸ ಮಾಡುವುದಿಲ್ಲ, ತಮ್ಮಂಥವೇ ಬೇರೆ ತುಂಡುಗಳ ಜೊತೆ ಕೂಡಿ ಕುಳಿತರೆ ಮಾತ್ರ ಕೆಲಸ. ತುಂಡುಗಳೆಲ್ಲ ಒಂದೇ ತರಹ ಇದ್ದರೆ ಹೋಮೋಮರ್. ಅಂಥ ಎರಡು ಕೂಡಿದರೆ ಹೋಮೋಡೈಮರ್, ನಾಲ್ಕು ಕೂಡಿದರೆ ಹೋಮೋಟೆಟ್ರಾಮರ್. ನಾವು ಇವನ್ನು ಮಂತ್ರದಂತೆ ಒದರಿ ಮರೆಯುತ್ತಿದ್ದೆವು. ಮೇಷ್ಟ್ರಿಗೆ ಬಿಡಿ ತುಂಡಿಗೆ ಪದ ಸಿಕ್ಕಿತ್ತು. ಹಡಗಲಿಯ ಹೆಂಗಸರು ಕಟ್ಟದ ಹೂವಿಗೆ ಬಿಡಿ ಹೂವು ಎನ್ನುತ್ತಾರಲ್ಲ, ಅದರಿಂದ 'ಬಿಡಿ' ಎಂದೇ ಇಟ್ಟುಕೊಂಡಿದ್ದರು. ಒಂದೇ ತರಹದ ಬಿಡಿಗಳು ಕೂಡಿದ್ದಕ್ಕೆ ಏನನ್ನಬೇಕು ಎಂಬುದು ಮಾತ್ರ ತಿಂಗಳುಗಟ್ಟಲೆ ಹತ್ತಲಿಲ್ಲ, ಹರಿಯಲಿಲ್ಲ.

ನಮ್ಮವ್ವ ಊರಾಚೆಯ ಇಟ್ಟಿಗೆ ಭಟ್ಟಿಯಲ್ಲಿ ಕೂಲಿ ಮಾಡುತ್ತಿದ್ದಳು. ಅಚ್ಚಿಗೆ ಮಣ್ಣು ತುಂಬಿ ಇಟ್ಟಿಗೆ ಹೊಯ್ಯುವ ಕೆಲಸ. ಕಾಲೇಜಿನಲ್ಲಿ ನಾನು ಅವ್ವ ಬಟ್ಟೆ ಹೊಲಿಯುತ್ತಾಳೆ ಎಂದು ಹೇಳಿಕೊಂಡಿದ್ದೆ. ಹೊಲಿಗೆ ನೆರಳಿನ ಕೆಲಸ, ಅದನ್ನು ಹೇಳಿದರೆ ಯಾರೂ ತಿರುಗಿ ನೋಡುವುದಿಲ್ಲ. ಒಂದು ಸಂಜೆ ಅವ್ವನಿಗೆ ಬುತ್ತಿ ಕೊಡಲು ಭಟ್ಟಿಗೆ ಹೋದರೆ ಅಲ್ಲಿ ಮೇಷ್ಟ್ರ ಸೈಕಲ್ ನಿಂತಿತ್ತು. ಅವರು ಹಸಿ ಇಟ್ಟಿಗೆಗಳ ಸಾಲಿನ ಪಕ್ಕ ಕುಕ್ಕುರುಗಾಲಲ್ಲಿ ಕುಳಿತು ಅವ್ವನನ್ನೇ ಮಾತಾಡಿಸುತ್ತಿದ್ದರು. ಅವಳು ನನ್ನ ತಾಯಿ ಎಂದು ಅವರಿಗೆ ಗೊತ್ತಿರಲಿಲ್ಲ. ನಾನು ಓಡಿಹೋಗಬೇಕೆಂದುಕೊಳ್ಳುವಷ್ಟರಲ್ಲಿ ಅವ್ವ, ನನ್ನ ಮಗಳು ಬಂದಳು ನೋಡ್ರಿ, ಕಾಲೇಜು ಓದ್ತಾಳ ಎಂದುಬಿಟ್ಟಳು. ಮೇಷ್ಟ್ರು ನನ್ನನ್ನು ನೋಡಿದರು. ಹೊಲಿಗೆಯ ಮಾತು ಅವರಿಗೂ ಗೊತ್ತಿತ್ತು. ಮತ್ತೆ ಅವ್ವನ ಕಡೆ ತಿರುಗಿದರು.

"ನಾಕು ತುಂಡು ಅದಾವು ಅನ್ಕೊಳ್ರಿ ಅವ್ವಾರ. ಒಂದ ನಮೂನಿ, ಒಂದ ಅಳತಿ. ಕೂಡಿದ್ರ ಕೆಲಸ, ಬಿಟ್ರ ಇಲ್ಲ. ಅದಕ್ಕ ನೀವು ಏನಂತೀರಿ?"

"ಒಂದ ಅಚ್ಚಿನವು ಅಂತೀವ್ರಿ. ಮತ್ತೇನನಬೇಕು?" ಎಂದಳು ಅವ್ವ. ಇಷ್ಟು ಓದಿದವರಿಗೆ ಇಷ್ಟೂ ಗೊತ್ತಿಲ್ಲವೇ ಎಂಬ ದನಿ. ಆಮೇಲೆ ಮಣ್ಣು ಕಲಸುತ್ತಲೇ ಇನ್ನೊಂದು ಮಾತು ಸೇರಿಸಿದಳು. "ಅಚ್ಚು ಸವದಿತ್ತು ಅಂದ್ರ ಮಾತ್ರ ಗೋಳು ನೋಡ್ರಿ. ಒಂದ ಸೊಟ್ಟ ಆಗಂಗಿಲ್ಲ, ಬಂದಾವೆಲ್ಲಾ ಸೊಟ್ಟ."

ಮೇಷ್ಟ್ರು ಎದ್ದು ನಿಂತುಬಿಟ್ಟರು. ಅವರ ಮುಖ ಈಗಲೂ ಕಣ್ಣ ಮುಂದಿದೆ... ಬಿಡಿಗಳೆಲ್ಲ ಒಂದೇ ಜೀನಿನಿಂದ ಬರುತ್ತವೆ, ಆ ಜೀನು ಕೆಟ್ಟರೆ ಕೂಟದ ಪ್ರತಿ ಬಿಡಿಯೂ ಕೆಡುತ್ತದೆ. ಎರಡು ತರಗತಿ ಹಿಡಿದು ಅವರು ನಮಗೆ ತಿಳಿಸಲಾಗದೆ ಸೋತಿದ್ದ ಮಾತು ಅದು. ಮರುದಿನ ತರಗತಿಯಲ್ಲಿ ಅದನ್ನೇ ಹೇಳಿದರು, ಇಡೀ ತರಗತಿಗೆ ಒಂದೇ ಏಟಿಗೆ ತಿಳಿಯಿತು. ಯಾರು ಹೇಳಿದ್ದು ಎಂದು ಹುಡುಗರು ಕೇಳಿದಾಗ, ಅನುಭವಸ್ಥೆ ಒಬ್ಬಾಕೆ ಎಂದಷ್ಟೇ ಅಂದರು. ನನ್ನ ಕಡೆ ನೋಡಲಿಲ್ಲ. ನನ್ನ ಸುಳ್ಳನ್ನು ಅವರು ಅಷ್ಟು ಜೋಪಾನ ಮಾಡಿದರು.

ಆ ಸಂಜೆ ಭಟ್ಟಿಯಿಂದ ಹೊರಡುವ ಮೊದಲೇ 'ಒಂದಚ್ಚಿನ ಕೂಟ' ಎಂದು ಪದ ಕಟ್ಟಿ ಅವ್ವನಿಗೆ ಹೇಳಿದ್ದರು. ವಾರ ಬಿಟ್ಟು ಮತ್ತೆ ಭಟ್ಟಿಗೆ ಹೋದರಂತೆ. ಅವರು ಸೈಕಲ್ ನಿಲ್ಲಿಸುವ ಮೊದಲೇ ಅವ್ವ, ನಿಮ್ಮ ಒಂದಚ್ಚಿನ ಕೂಟ ಹೆಂಗ ಅದಾವ್ರಿ ಮೇಷ್ಟ್ರ ಎಂದು ಕೇಳಿದಳಂತೆ. ಉಳಿದ ಇಬ್ಬರ ಬಾಯಿಗೂ ಬಂದು ಪದ ಪಾಸಾಯಿತು. ಒಂದಚ್ಚಿನ ಕೂಟ, ಒಂದಚ್ಚಿನ ಜೋಡಿ, ಒಂದಚ್ಚಿನ ಚೌಕ. ಬಿಡಿಗಳು ಬೇರೆಬೇರೆ ತರಹದವಾದರೆ ಬೇರಚ್ಚಿನ ಕೂಟ. ಇವುಗಳ ಚೀಟಿಯಲ್ಲೆಲ್ಲ ಮೊದಲ ಹೆಸರು ನಮ್ಮವ್ವನದು.

ನನ್ನ ಬಿ.ಎಸ್ಸಿ. ಮುಗಿದ ವರ್ಷ, ಕಾಲೇಜುಗಳಿಗಾಗಿ ವಿಜ್ಞಾನ ಪದಕೋಶ ಮಾಡಲು ಒಂದು ಸಮಿತಿ ಕುಳಿತಿತು. ಯಾರು ಬೇಕಾದರೂ ಪದಪಟ್ಟಿ ಕಳಿಸಬಹುದಿತ್ತು. ಮೇಷ್ಟ್ರಿಗೆ ನಿವೃತ್ತಿಗೆ ಎರಡು ವರ್ಷ ಉಳಿದಿತ್ತು. ಹದಿನೈದು ವರ್ಷದ ಭಾನುವಾರಗಳು ತಗಡಿನ ಪೆಟ್ಟಿಗೆಯಲ್ಲಿ ಆರುನೂರು ಚಿಲ್ಲರೆ ಚೀಟಿಗಳಾಗಿದ್ದವು. ಸಮಿತಿ ಒಪ್ಪಿದರೆ ಪದಗಳು ಅಚ್ಚಾಗುತ್ತವೆ, ತರಗತಿಯಲ್ಲಿ ಕದ್ದು ಹೇಳುವುದು ತಪ್ಪುತ್ತದೆ, ಮುಂದಿನ ಮಕ್ಕಳು ತಿಳಿದು ಓದುತ್ತಾರೆ. ಅವರ ಆಸೆ ಇಷ್ಟೇ. ನನ್ನ ಅಕ್ಷರ ದುಂಡಗಿತ್ತು, ನಕಲು ಮಾಡುವ ಕೆಲಸ ನನಗೆ ಬಂತು.

ಸಮಿತಿಯ ನಮೂನೆಯಲ್ಲಿ ಕೊನೆಯ ಕಾಲಂ 'ಆಧಾರ'. ಚೀಟಿಯಲ್ಲಿರುವ ಹೆಸರು, ಕಸುಬು ಇದ್ದಂತೆಯೇ ಬರಿ ಎಂದಿದ್ದರು ಮೇಷ್ಟ್ರು. ಮೊದಲ ಇಪ್ಪತ್ತು ಹಾಳೆ ಹಾಗೇ ಬರೆದೆ. ಬಡಿಗೇರರು, ಹೂ ಕಟ್ಟುವವರು, ಸೈಕಲ್ ರಿಪೇರಿ... ಆಮೇಲೆ ಒಂದಚ್ಚಿನ ಕೂಟದ ಚೀಟಿ ಕೈಗೆ ಬಂತು. ಅವ್ವನ ಹೆಸರು, ಇಟ್ಟಂಗಿ ಬಟ್ಟಿ ಕೂಲಿ, ಕೊಟ್ಟೂರು. ನನ್ನ ಕೈ ನಿಂತಿತು. ಇದನ್ನು ದೊಡ್ಡದೊಡ್ಡ ಪ್ರೊಫೆಸರುಗಳು ಓದುತ್ತಾರೆ, ನಗುತ್ತಾರೆ ಎನಿಸಿತು. ಮೇಷ್ಟ್ರ ಮಾನ ಹೋಗುತ್ತದೆ ಎಂದು ಆಗ ನನಗೆ ನಾನೇ ಹೇಳಿಕೊಂಡೆ. ಈಗ ಸುಳ್ಳು ಹೇಳಿ ಯಾರನ್ನು ಮೆಚ್ಚಿಸಬೇಕು? ನಾಚಿಕೆ ನನ್ನದಾಗಿತ್ತು. ಅವ್ವನ ಹೆಸರಿನ ಜಾಗದಲ್ಲಿ ಒಂದು ಹಳೆಯ ನಿಘಂಟಿನ ಹೆಸರು ಬರೆದೆ. ಅಂಥ ನಿಘಂಟು ಲೋಕದಲ್ಲಿ ಇಲ್ಲ, ನಾನೇ ಹುಟ್ಟಿಸಿದ್ದು. ನಂಬಿಕೆ ಬರಲೆಂದು ಪುಟಸಂಖ್ಯೆಯನ್ನೂ ಕೊಟ್ಟೆ.

ಕೂಲಿಕಾರರ ನಡುವೆ ಒಂದೇ ಒಂದು ನಿಘಂಟು ಎದ್ದು ಕಾಣುತ್ತಿತ್ತು. ಅದನ್ನು ಮುಚ್ಚಲು ಮುಂದಿನದಕ್ಕೂ ನಿಘಂಟು, ಅದರ ಮುಂದಿನದಕ್ಕೂ ನಿಘಂಟು. ಕೊನೆಗೆ ಮೊದಲ ಇಪ್ಪತ್ತು ಹಾಳೆಗಳನ್ನೂ ಹರಿದು ಹೊಸದಾಗಿ ಬರೆದೆ. ಮೂರು ದಿನದಲ್ಲಿ ಹುಟ್ಟದ ಪುಸ್ತಕಗಳ ಒಂದು ಗ್ರಂಥಾಲಯವನ್ನೇ ಕಟ್ಟಿದೆ. ಕಳಿಸಲು ಕಡೇ ದಿನ ಬಂದಿತ್ತು. ಮೇಷ್ಟ್ರು ಒಂದು ಹಾಳೆಯನ್ನೂ ಓದದೆ, ನೀನು ಬರೆದ ಮೇಲೆ ನೋಡುವುದೇನಿದೆ ಎಂದು ಕೊನೆಯಲ್ಲಿ ಸಹಿ ಹಾಕಿದರು.

ಎರಡು ತಿಂಗಳಿಗೆ ಬಳ್ಳಾರಿಗೆ ಬರಹೇಳಿ ಕಾಗದ ಬಂತು. ಮೇಷ್ಟ್ರು ಹೊಸ ಅಂಗಿ ಹಾಕಿಕೊಂಡು ನನ್ನನ್ನೂ ಕರೆದೊಯ್ದರು. ಮೇಜಿನ ಆಚೆ ಐದು ಜನ. ಅಧ್ಯಕ್ಷರು ಬಹಳ ನಯದ ಮನುಷ್ಯ. ನಮ್ಮ ಪಟ್ಟಿ ತೆರೆದಿಟ್ಟುಕೊಂಡು, ಸ್ವಾಮಿ, ನಾನು ಆಯುಷ್ಯವೆಲ್ಲ ನಿಘಂಟು ಓದಿದವನು, ನೀವು ಹೆಸರಿಸಿದ ಇವು ಯಾವುವೂ ನನ್ನಲ್ಲಿ ಇಲ್ಲವಲ್ಲ, ಎಲ್ಲಿ ಸಿಗುತ್ತವೆ ಹೇಳಿ, ನನಗೂ ಬೇಕು ಎಂದರು. ಪಕ್ಕದವರು ಮುಸಿಮುಸಿ ನಕ್ಕರು.

ಮೇಷ್ಟ್ರಿಗೆ ಮೊದಲು ಅರ್ಥವಾಗಲಿಲ್ಲ. ಹಾಳೆ ಈಸಿಕೊಂಡು ಕನ್ನಡಕ ಹಾಕಿ ಓದಿದರು. ಒಂದು ಪುಟ ತಿರುವಿದರು, ಇನ್ನೊಂದು ತಿರುವಿದರು. ಆಮೇಲೆ ನನ್ನ ಕಡೆ ಒಂದು ಸಲ ನೋಡಿದರು. ನಾನು ಮೇಜಿನ ಬಟ್ಟೆಯ ಅಂಚನ್ನು ನೋಡುತ್ತ ಕುಳಿತಿದ್ದೆ. ಹಸಿರು ಬಟ್ಟೆ, ಅಂಚಿನಲ್ಲಿ ಮಸಿಯ ಕಲೆ... ಬಾಯಿ ಬಿಟ್ಟು ಒಂದು ಮಾತು ಹೇಳಿದ್ದರೆ ಸಾಕಿತ್ತು. ಹೇಳಲಿಲ್ಲ.

"ಆಕಿದೇನೂ ತಪ್ಪಿಲ್ರಿ. ನಾನು ಹೇಳಿ ಬರೆಸೀನಿ," ಎಂದರು ಮೇಷ್ಟ್ರು.

ಐವರಲ್ಲಿ ಕಿರಿಯರೊಬ್ಬರು, ಪದಗಳು ಚೆನ್ನಾಗಿವೆ, ಅವನ್ನಾದರೂ ನೋಡೋಣ ಎಂದರು. ಸುಳ್ಳು ಆಧಾರ ಕೊಟ್ಟವರ ಪದವನ್ನು ಮುಟ್ಟುವುದಿಲ್ಲ ಎಂದು ಅಧ್ಯಕ್ಷರು ಪಟ್ಟಿ ಮಡಚಿದರು. ನಿಜದ ಆಧಾರ ಕೊಟ್ಟಿದ್ದರೆ ಒಪ್ಪುತ್ತಿದ್ದರೇ ಎಂದು ನಾನು ಎಷ್ಟೋ ಸಲ ಕೇಳಿಕೊಂಡಿದ್ದೇನೆ. ಇಟ್ಟಿಗೆ ಹೊಯ್ಯುವವಳ ಹೆಸರು ನೋಡಿ ಆ ಅಧ್ಯಕ್ಷರು ನಗದೇ ಇರುತ್ತಿದ್ದರೇ? ನಗುತ್ತಿದ್ದರು ಎಂದೇ ನನಗೆ ಅನಿಸುತ್ತದೆ. ಆದರೆ ಆಗ ಹುಚ್ಚರೆಂದು ನಗುತ್ತಿದ್ದರು, ಕಳ್ಳರೆಂದು ಅಲ್ಲ. ಮೇಷ್ಟ್ರಿಗೆ ಹುಚ್ಚರೆನಿಸಿಕೊಂಡು ರೂಢಿಯಿತ್ತು.

ಹಿಂದಿರುಗುವಾಗ ಕೂಡ್ಲಿಗಿಯಲ್ಲಿ ಇಳಿದು ಕೊಟ್ಟೂರಿನ ಬಸ್ಸಿಗೆ ಕಾದೆವು. ಮೇಷ್ಟ್ರು ನನಗೆ ಚಹಾ ತರಿಸಿದರು, ತಾವು ಕುಡಿಯಲಿಲ್ಲ. ಬಸ್ಸು ಬರುವ ಹೊತ್ತಿಗೆ, ನಿಮ್ಮವ್ವನ ಚೀಟಿಯಿಂದ ಶುರುವಾಯಿತೇ ಎಂದು ಕೇಳಿದರು. ನಾನು ತಲೆಯಾಡಿಸಿದೆ.

"ನನಗ ದೊಡ್ಡದು ಅನಿಸಿದ್ದು ನಿನಗ ಸಣ್ಣದು ಅನಿಸ್ತೇನ ತಂಗಿ," ಎಂದರು. ಸಿಟ್ಟಿರಲಿಲ್ಲ. ಸಿಟ್ಟಾಗಿದ್ದರೆ ನನಗೆ ಇಷ್ಟು ವರ್ಷ ಸುಲಭವಾಗುತ್ತಿತ್ತು. ಅದೇ ಅವರು ನನ್ನೊಡನೆ ಆಡಿದ ಕೊನೆಯ ಮಾತು. ಆಮೇಲೆ ಎದುರು ಸಿಕ್ಕರೂ ನಾನೇ ಸಂದಿ ಹಿಡಿದು ತಪ್ಪಿಸಿಕೊಳ್ಳುತ್ತಿದ್ದೆ.

ಸುದ್ದಿ ನಮಗಿಂತ ಮೊದಲೇ ಕಾಲೇಜು ಮುಟ್ಟಿತ್ತು. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬರದು ಎನ್ನುತ್ತಾರಲ್ಲ, ಹಾಗಾಯಿತು. ಟ್ಯೂಶನ್ ಹೇಳುತ್ತಿದ್ದ ಮಹನೀಯರಿಗೆ ಹಬ್ಬ. ಮೇಷ್ಟ್ರು ಸ್ಟಾಫ್ ರೂಮಿನಲ್ಲಿ ಇವತ್ತು ಬಿಸಿಲು ಜಾಸ್ತಿ ಎಂದರೂ, ಅದು ಯಾವ ನಿಘಂಟಿನ ಎಷ್ಟನೇ ಪುಟದಾಗ ಐತ್ರಿ ಸರ್ ಎಂದು ಕೇಳುತ್ತಿದ್ದರಂತೆ. ಮೇಷ್ಟ್ರು ಎರಡನೇ ಸಲದ ಪಾಠ ನಿಲ್ಲಿಸಿದರು. ಜೇಬಿನಿಂದ ಚೀಟಿ ತೆಗೆಯುವುದನ್ನೂ ನಿಲ್ಲಿಸಿದರು. ಉಳಿದ ಎರಡು ವರ್ಷ ಎಲ್ಲರಂತೆ ಇಂಗ್ಲಿಷಿನಲ್ಲಿ ಓದಿ ಹೇಳಿ, ನಿವೃತ್ತರಾಗಿ ಹರಪನಹಳ್ಳಿಗೆ ಹೋದರು. ಕೊಟ್ಟೂರಿನಿಂದ ಹರಪನಹಳ್ಳಿ ಎಷ್ಟು ದೂರ? ಬಸ್ಸು ಹತ್ತಿದರೆ ಮಧ್ಯಾಹ್ನದ ಊಟಕ್ಕೆ ಮನೆಗೆ ವಾಪಸು ಬರಬಹುದು. ಇಪ್ಪತ್ತು ವರ್ಷದಲ್ಲಿ ನಾನು ಒಂದು ಸಲವೂ ಹತ್ತಲಿಲ್ಲ.

ಬಳ್ಳಾರಿಯಿಂದ ಬಂದ ದಿನ ಅವ್ವ ಕೈಕಾಲು ತೊಳೆಯುವುದನ್ನೂ ಬಿಟ್ಟು ಬಾಗಿಲಲ್ಲಿ ಕಾದಿದ್ದಳು. ನನ್ನ ಮಾತು ಒಪ್ಪಿದರೇನು ಎಂದು ಕೇಳಿದಳು. ಒಪ್ಪಿದರು ಎಂದೆ. ಮರುದಿನ ಭಟ್ಟಿಯಲ್ಲಿ ಎಲ್ಲರಿಗೂ ಸಕ್ಕರೆ ಹಂಚಿದಳಂತೆ. ಪುಸ್ತಕ ಎಲ್ಲಿ ಎಂದು ಆಗಾಗ ಕೇಳುವಳು, ನಾನು ಅದು ಕಾಲೇಜಿನಲ್ಲಿದೆ, ಹೊರಗೆ ಕೊಡುವುದಿಲ್ಲ ಎನ್ನುವೆ. ಹೀಗೇ ನಡೆದುಕೊಂಡು ಬಂತು.

ನಾನು ಈಗ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತೇನೆ. ಸಮಿತಿಯ ಪದಕೋಶ ಅಂತೂ ಅಚ್ಚಾಗಿ, ಹೋದ ವರ್ಷ ನಮ್ಮ ಶಾಲೆಗೂ ಒಂದು ಪ್ರತಿ ಬಂತು. ಹೋಮೋಮರ್ ಎಂಬುದಕ್ಕೆ ಅದರಲ್ಲಿ 'ಸಮರೂಪಘಟಕಯುಕ್ತ ಪ್ರೋಟೀನ್ ಸಂಕೀರ್ಣ' ಎಂದಿದೆ. ಜೀನುಗಳ ಪಾಠ ಬಂದಾಗ ನಾನು ಬಾಗಿಲ ಕಡೆ ಒಮ್ಮೆ ನೋಡಿ, ಅಚ್ಚು ಸವೆದ ಕತೆ ಹೇಳುತ್ತೇನೆ. ಮಕ್ಕಳಿಗೆ ಆ ಕ್ಷಣವೇ ತಿಳಿಯುತ್ತದೆ. ಪರೀಕ್ಷೆಯಲ್ಲಿ ಹೀಗೆ ಬರೆಯಬೇಡಿ ಎಂದೂ ಹೇಳುತ್ತೇನೆ.

ಪತ್ರಿಕೆ ಬಂದ ಸಂಜೆ ಅವ್ವನ ಕಣ್ಣಿಗೆ ನಾನು ಶಾಲೆಯಿಂದ ತಂದು ಕಪಾಟಿನಲ್ಲಿಟ್ಟಿದ್ದ ಆ ದಪ್ಪ ಪುಸ್ತಕ ಬಿತ್ತು. ಇದೇ ಏನು ಎಂದಳು. ಇಲ್ಲ ಎನ್ನಲು ನನಗೆ ಬಾಯಿ ಬರಲಿಲ್ಲ. ನನ್ನ ಮಾತು ಎಲ್ಲೈತಿ ತೋರ್ಸು ಎಂದು ಪಕ್ಕದಲ್ಲಿ ಕುಳಿತಳು. ನಾನು ಪುಟ ತೆರೆದು ಅವಳ ಬೆರಳು ಹಿಡಿದೆ. ಮಣ್ಣು ತಿಂದು ಗೆರೆಯೆಲ್ಲ ಸವೆದ ಬೆರಳು. ಅದನ್ನು ಸಮಿತಿಯ ಪದದ ಮೇಲೆ ಇಟ್ಟೆ.

ಅವ್ವ ಸಾಲಿನುದ್ದಕ್ಕೂ ಬೆರಳು ಎಳೆದಳು. "ಇಷ್ಟುದ್ದ ಐತಲ್ಲ. ನಾ ಹೇಳಿದ್ದು ಎರಡ ಮಾತು."

ಅರ್ಥವನ್ನೂ ಸೇರಿಸಿ ಬರೆದಿದ್ದಾರೆ ಎಂದೆ.

"ಮೇಷ್ಟ್ರ ಹೆಸರು?"

ಮೊದಲ ಪುಟ ತೆರೆದೆ. ಅಲ್ಲಿ ದಪ್ಪ ಅಕ್ಷರದಲ್ಲಿ ಇದ್ದದ್ದು ಅಧ್ಯಕ್ಷರ ಹೆಸರು. ಅದರ ಮೇಲೆ ಅವಳ ಬೆರಳಿಟ್ಟೆ. ಅವ್ವ ಆ ಹೆಸರನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡಳು. ಪುಣ್ಯಾತ್ಮ ಎಂದಳು.

ಆಮೇಲೆ ಎದ್ದು ಹೋಗಿ ತನ್ನ ಒಗೆದ ಸೀರೆಯಲ್ಲಿ ಪುಸ್ತಕವನ್ನು ಸುತ್ತಿ, ಮದುವೆಗೆ ಒಯ್ಯುವ ಚೀಲದಲ್ಲಿ ಉಡುಗೊರೆಯ ಕೆಳಗೆ ಇಟ್ಟಳು. ಮೇಷ್ಟ್ರ ಹೆಂಡತಿಗೂ ಮಗಳಿಗೂ ಇದನ್ನು ತೆರೆದು ತೋರಿಸಬೇಕಂತೆ, ಅವರು ಸತ್ತರೂ ಅವರ ಕೆಲಸ ಉಳಿದಿದೆ ಎಂದು ಹೇಳಬೇಕಂತೆ. ನಾನು ಬೇಡವೆಂದೆ, ಭಾರವೆಂದೆ, ಶಾಲೆಯ ಪುಸ್ತಕವೆಂದೆ. ಅವಳು ಕೇಳಲಿಲ್ಲ. ದಿನಕ್ಕೊಂದು ಸಲ ಚೀಲ ಮುಟ್ಟಿ ನೋಡುತ್ತಾಳೆ.

ಮದುವೆ ನಾಡಿದ್ದು. ಅವರ ಮನೆಯಲ್ಲಿ ಎಲ್ಲರಿಗೂ ಓದು ಬರುತ್ತದೆ.